ರೇವಣಪ್ಪ ಮಾಸ್ತರರ ಹೊಸ್ತಿಲು

ವಾರಿಜಾ ನಮ್ಮೂರಿಗೆ ಬಂದಾಗ ಮುನ್ಸಿಪಾಲ್ಟಿ ಇಲೆಕ್ಷನ್ನಿನ ಮಾತು ಆಗಷ್ಟೇ ಸುರುವಾಗಿತ್ತು. ನಮ್ಮೂರ ಬಸ್ಸಿಗೆ ಬೋರ್ಡು ಇರುವುದಿಲ್ಲ. ಗೊತ್ತಿದ್ದವರು ಹತ್ತುತ್ತಾರೆ, ಗೊತ್ತಿಲ್ಲದವರು ನಿದ್ದೆ ಹೋಗಿ ಕೊನೆಯ ಸ್ಟಾಪಿನಲ್ಲಿ ಇಳಿದು ಕಣ್ಣುಜ್ಜಿಕೊಳ್ಳುತ್ತಾರೆ. ಇವಳು ಕೇಳಿಕೊಂಡೇ ಬಂದವಳು. ಹೆಗಲಿಗೊಂದು ಕರೀ ಚೀಲ, ಕೈಯಲ್ಲಿ ಮೂರು ಕಾಲಿನ ಸ್ಟ್ಯಾಂಡು. ತಲೆ ಅರ್ಧ ನೆರೆತಿತ್ತು, ನಡಿಗೆ ಮಾತ್ರ ಹುಡುಗಿಯದು. ನನ್ನ ಖಾನಾವಳಿಯ ಬಾಗಿಲಿಗೆ ಬಂದವಳು ಒಳಗೆ ಕಾಲಿಡುವ ಮೊದಲು ಹೊಸ್ತಿಲ ಕಡೆ ನೋಡಿದಳು. ಅಲ್ಲಿ ಮೂರು ಕಲ್ಲಿದ್ದವು.

"ಇವು ನಿಮ್ಮವಾ ಅಮ್ಮ?" ಎಂದಳು.

ಒಳಗೆ ಉಣ್ಣುತ್ತಿದ್ದವರ ಕೈಯ ತುತ್ತು ಕೈಯಲ್ಲೇ ನಿಂತಿತು. ನಮ್ಮೂರಲ್ಲಿ ಯಾರ ಹೊಸ್ತಿಲ ಕಲ್ಲನ್ನೂ ಯಾರೂ ಕೇಳುವುದಿಲ್ಲ. ದಾಟಿಕೊಂಡು ಒಳಗೆ ಬರುತ್ತಾರೆ, ಅಷ್ಟೆ. ಪಾಪ, ಹೊರಗಿನವಳು, ಗೊತ್ತಿಲ್ಲದೆ ಕೇಳಿದ್ದಾಳೆ ಎಂದು ನಾನೇ ಉತ್ತರ ಕೊಟ್ಟೆ.

"ನನ್ನವ ಅದಾವ ತಾಯಿ. ಆ ದೊಡ್ಡದು ನನ್ನ ಗಂಡಗ ಒಗದದ್ದು. ಸಣ್ಣವೆರಡು ಅವರವ್ವಗ."

"ತಾಗಿತ್ತಾ?"

"ತಾಗಿದ್ದರ ಸಂಸಾರ ನೆಟ್ಟಗ ನಡೀತಿತ್ತು."

ಉಣ್ಣುವವರು ನಕ್ಕರು, ತುತ್ತು ಬಾಯಿಗೆ ಹೋಯಿತು, ಅವಳು ಒಳಗೆ ಬಂದು ಕೂತಳು.

ಕಲ್ಲಿನ ಸಂಗತಿ ನಮ್ಮಲ್ಲಿ ಮೊದಲಿನಿಂದಲೂ ಹೀಗೇ. ಮನುಷ್ಯರ ಮೇಲೆ ಎಸೆದ ಕಲ್ಲು ಬೆಳಕು ಹರಿಯುವುದರೊಳಗೆ ಎಸೆದವರ ಮನೆಯ ಹೊಸ್ತಿಲಿಗೆ ಬಂದು ಕೂತಿರುತ್ತದೆ. ತೊಳೆದಿಟ್ಟಷ್ಟು ಸ್ವಚ್ಛವಾಗಿ ಬರುತ್ತದೆ. ಬಾವಿಗೆ ಹಾಕಿದರೂ, ಗೋಡೆಯೊಳಗೆ ಇಟ್ಟು ಕಟ್ಟಿದರೂ, ಲಾರಿಗೆ ಹೇರಿ ಪರವೂರಿಗೆ ಕಳಿಸಿದರೂ ಮರುದಿನ ಅಲ್ಲೇ. ಎಸೆದವನು ಸತ್ತ ಮೇಲೆ ಅದು ಬರೀ ಕಲ್ಲು. ಹೆಣ ಎತ್ತುವ ಮೊದಲು ಮಕ್ಕಳು ಅದನ್ನು ಒಯ್ದು ಹಳ್ಳಕ್ಕೆ ಹಾಕಿ ಕೈ ತೊಳೆದುಕೊಂಡು ಬರುತ್ತಾರೆ. ಅಲ್ಲಿಯವರೆಗೆ ಅದರ ಜೊತೆಗೇ ಬಾಳುವೆ ಮಾಡಬೇಕು, ಮಾಡುತ್ತೇವೆ. ಒಬ್ಬರು ಅದರ ಮೇಲೆ ಅರಿವೆ ಒಗೆಯುತ್ತಾರೆ, ಇನ್ನೊಬ್ಬರು ಗಾಳಿಗೆ ಬಾಗಿಲು ಬಡಿಯದಂತೆ ಒತ್ತಿಡುತ್ತಾರೆ. ಅಗಸಿ ಓಣಿಯ ಒಬ್ಬಾತ ತನ್ನ ಕಲ್ಲಿಗೆ ಅರಿಷಿಣ ಕುಂಕುಮ ಹಚ್ಚಿ ದೇವರು ಮಾಡಿಬಿಟ್ಟ. ಎರಡು ಮಳೆಗಾಲ ಕಳೆಯುವುದರಲ್ಲಿ ಅದಕ್ಕೆ ಹರಕೆ ಹೊರುವವರೂ ಹುಟ್ಟಿಕೊಂಡರು. ಕನ್ಯೆ ನೋಡಲು ಬಂದವರು ಚಪ್ಪಲಿ ಬಿಡುವ ನೆವದಲ್ಲಿ ಹೊಸ್ತಿಲನ್ನು ಕಣ್ಣಿಂದ ಅಳೆದುಕೊಳ್ಳುತ್ತಾರೆ. ಬಾಯಿ ಬಿಟ್ಟು ಕೇಳುವುದು ಮಾತ್ರ ಇಲ್ಲ. ಒಬ್ಬರದು ಕೇಳಿದರೆ ತಮ್ಮದೂ ಹೇಳಬೇಕಾಗುತ್ತದೆ.

ಹೊಳೆಗೆ ಅಣೆಕಟ್ಟು ಕಟ್ಟಿದಾಗ ಊರು ಕಳೆದುಕೊಂಡು ಬಂದವರಿಗೆ ಸರಕಾರ ನಮ್ಮೂರ ಮೂಡಲಿಗೆ ಪ್ಲಾಟು ಹಾಕಿಕೊಟ್ಟಿತ್ತು. ಅವರಿಗೆ ಮುಳುಗಡೆಯವರು ಅನ್ನುತ್ತಿದ್ದೆವು. ನೀರು ಕಾಣದ ಅವರ ಮೊಮ್ಮಕ್ಕಳಿಗೂ ಅದೇ ಹೆಸರು. ಅವರಿಂದ ನಮಗೆ ಬ್ಯಾರೆ ತ್ರಾಸೇನೂ ಇರಲಿಲ್ಲ. ಇದೆ ಎಂದು ಕಲಿಸಿದವರು ರೇವಣಪ್ಪ ಮಾಸ್ತರರು. ಸಾಲಿ ಬಿಟ್ಟು ಊರ ಮಕ್ಕಳ ಸಂಘ ಕಟ್ಟಿದರು, ಸಂತೆಯ ದಿನ ಮೈಕು ಹಿಡಿದರು. ನಿಮ್ಮ ನಳದ ನೀರು ಯಾರು ಕುಡಿಯುತ್ತಾರೆ, ನಿಮ್ಮ ಮಕ್ಕಳ ನೌಕರಿ ಯಾರು ತಿನ್ನುತ್ತಾರೆ ಎಂದು ಕೇಳುತ್ತಿದ್ದರು. ಧ್ವನಿ ಕಂಚಿನದು. ಕೇಳುತ್ತ ಕೂತರೆ ನಮಗೆ ಬಹಳ ಅನ್ಯಾಯವಾಗಿದೆ ಎಂದು ಅನಿಸಿಯೇ ಅನಿಸುತ್ತಿತ್ತು. ಒಂದು ಸಂತೆಯ ದಿನ ಆ ಭಾಷಣ ಕೇಳಿದ ಗಂಡಸರು ಹುಡುಗರು ಎದ್ದು ನೆಟ್ಟಗೆ ಪ್ಲಾಟಿಗೆ ನಡೆದರು. ಹಿಟ್ಟಿನ ಗಿರಣಿಯ ದ್ಯಾವಪ್ಪ ತನ್ನ ಮನೆಯ ಬಾಗಿಲಲ್ಲಿ ನಿಂತಿದ್ದ. ಒಂದು ಕಲ್ಲು ಅವನ ತಲೆಗೆ ಬಿತ್ತು. ದವಾಖಾನೆಗೆ ಒಯ್ಯಲು ಗಾಡಿ ಸಿಗಲಿಲ್ಲ.

ಮರುದಿನ ಹಳೇ ಊರಿನ ಬಹಳಷ್ಟು ಮನೆಗಳ ಮುಂದೆ ಹೊಸ ಕಲ್ಲು ಕೂತಿದ್ದವು. ದ್ಯಾವಪ್ಪನಿಗೆ ಬಡಿದದ್ದು ಯಾವುದು ಎಂದು ಯಾರಿಗೂ ಗೊತ್ತಾಗಲಿಲ್ಲ. ನಂದು ಗ್ವಾಡಿಗೆ ಬಡೀತು, ನಂದು ಮಾಳಗಿ ಮ್ಯಾಲೆ ಬಿತ್ತು ಎಂದು ಒಬ್ಬೊಬ್ಬರೂ ತಮಗೆ ತಾವೇ ಹೇಳಿಕೊಂಡರು. ಕೋರ್ಟಿನಲ್ಲಿ ಕೇಸು ನಿಲ್ಲಲಿಲ್ಲ. ಜಡ್ಜು ಪರಸ್ಥಳದವರು, ಕಲ್ಲು ತಾನೇ ನಡೆದು ಬಂತೇನ್ರಿ ಎಂದು ಕೇಳಿ ಕನ್ನಡಕ ತೆಗೆದಿಟ್ಟರಂತೆ.

ಮಾಸ್ತರರ ಹೊಸ್ತಿಲಲ್ಲಿ ಅಂದೂ ಕಲ್ಲಿರಲಿಲ್ಲ, ಇಂದೂ ಇಲ್ಲ. ಅವರು ಹುಟ್ಟಿದಾಗಿನಿಂದ ಒಬ್ಬರ ಮೇಲೂ ಒಂದು ಹರಳು ಎಸೆದವರಲ್ಲ. ಅದರಿಂದ ಅವರ ಮರ್ಯಾದೆ ವರುಷ ವರುಷ ಬೆಳೆಯಿತು. ಈ ಸಲ ಅಧ್ಯಕ್ಷಗಿರಿಯ ಮೇಲೆ ಕಣ್ಣಿಟ್ಟು ಇಲೆಕ್ಷನ್ನಿಗೆ ನಿಂತಾಗ 'ಸ್ವಚ್ಛ ಹೊಸ್ತಿಲು, ಸ್ವಚ್ಛ ಆಡಳಿತ' ಎಂದು ಊರ ತುಂಬ ಬ್ಯಾನರು ಕಟ್ಟಿಸಿದರು. ಸಂಘದ ಹುಡುಗರು ಟೆಂಪೋದಲ್ಲಿ ಓಣಿ ಓಣಿಯ ಹೆಂಗಸರನ್ನು ಕರೆದೊಯ್ದು ಅವರ ಬಾಗಿಲು ತೋರಿಸಿ, ಚಹಾ ಕುಡಿಸಿ, ತಿರುಗಿ ತಂದು ಬಿಡುತ್ತಿದ್ದರು. ನಾನೂ ಹೋಗಿ ನೋಡಿ ಬಂದೆ. ರಂಗೋಲಿ ಚೆನ್ನಾಗಿತ್ತು.

ವಾರಿಜಾ ಬಂದದ್ದು ಈ ಮಾಸ್ತರರಿಗಾಗಿ. ನನ್ನ ಅಟ್ಟದ ಕೋಣೆಯಲ್ಲಿ ಬಾಡಿಗೆಗೆ ಇದ್ದಳು. ಇಂಥವರ ಚಿತ್ರ ತೆಗೆಯುವುದೇ ಅವಳ ಕಸಬು: ಬಾಂಬು ಇಟ್ಟು ಜೇಲಿಗೆ ಹೋಗಿ ಬಂದವರು, ಅವರನ್ನು ಹುರಿದುಂಬಿಸಿದವರು, ನಮ್ಮವರಲ್ಲದವರನ್ನು ಅಟ್ಟಬೇಕು ಎಂದು ಪುಸ್ತಕ ಹಂಚುವವರು. ಕತೆಯ ಸಿನೆಮಾ ಅಲ್ಲ, ಇದ್ದವರನ್ನು ಇದ್ದ ಹಾಗೆ ತೋರಿಸುವ ಚಿತ್ರ. ಒಂದು ಊರಲ್ಲಿ ಇವಳ ಚಿತ್ರ ಹಾಕಿದ್ದಕ್ಕೆ ಕುರ್ಚಿ ಸುಟ್ಟಿದ್ದರಂತೆ, ಇನ್ನೊಂದರಲ್ಲಿ ಇವಳ ಮೇಲೇ ಕೇಸು. ಹೇಳುವಾಗ ಬಸ್ಸು ತಪ್ಪಿದ್ದನ್ನು ಹೇಳಿದ ಹಾಗೆ ಹೇಳುತ್ತಿದ್ದಳು.

"ಇಂಥವರ ಜೋಡಿ ಯಾಕ ಕೂಡ್ತೀಯವ್ವಾ? ಮೈಗೆ ಹತ್ತಂಗಿಲ್ಲೇನು?" ಎಂದು ಒಂದು ದಿನ ಕೇಳಿದೆ.

"ಹತ್ತುತ್ತದೆ ಆಯಿ. ಮನೆಗೆ ಹೋಗಿ ಒಂದು ವಾರ ಯಾರ ಜೊತೆಗೂ ಮಾತಾಡುವುದಿಲ್ಲ."

"ಮತ್ತ?"

"ಅವರು ವೇದಿಕೆ ಮೇಲೆ ಹೇಗೆ ಕೂಗುತ್ತಾರೆ ಅಂತ ಎಲ್ಲರೂ ತೋರಿಸ್ತಾರೆ. ಮನೆಯಲ್ಲಿ ಹೇಗೆ ಕೂತಿರ್ತಾರೆ ಅಂತ ಯಾರೂ ತೋರಿಸಲ್ಲ. ನನಗೆ ಅದು ಬೇಕು."

ಅವಳ ಕೆಲಸದ ಪದ್ಧತಿ ಬೇರೆ. ಕ್ಯಾಮೆರಾ ಇಟ್ಟು ಒಂದು ಮಾತು ಕೇಳಿ ಸುಮ್ಮನೆ ಕೂಡುವಳು. ಎದುರಿದ್ದವರು ಉತ್ತರ ಕೊಟ್ಟು ಮುಗಿಸಿದರೂ ಎರಡನೆಯ ಮಾತು ಕೇಳುತ್ತಿರಲಿಲ್ಲ. ಸುಮ್ಮನಿರುವವರ ಮುಂದೆ ಸುಮ್ಮನಿರುವುದು ಬಹಳ ಕಷ್ಟ. ನನ್ನ ಮುಂದೆ ಹಾಗೆ ಕೂತಾಗ ನಾನು ಅತ್ತೆಯ ಸಂಗತಿಯನ್ನೆಲ್ಲ ಹೊರಗೆ ಹಾಕಿಬಿಟ್ಟೆ, ಆಮೇಲೆ ಅದನ್ನು ಅಳಿಸು ಎಂದು ಗಂಟು ಬಿದ್ದೆ. ಅಳಿಸಿದಳು. ಮಾಸ್ತರರ ಮುಂದೆಯೂ ಹಾಗೆಯೇ ದಿನಾ ಹೋಗಿ ಕೂತಳು. ಅವರಿಗೂ ಬೇಕಾಗಿತ್ತು. ಮುಂಜಾನೆ ಇಸ್ತ್ರಿ ಅಂಗಿ ಹಾಕಿಕೊಂಡು ಕಾಯುತ್ತಿದ್ದರು.

ಮಾಸ್ತರರ ಹೊಸ್ತಿಲು ತೆಗೆದ ಮೇಲೆ ಊರಿನ ಉಳಿದ ಹೊಸ್ತಿಲುಗಳೂ ಬೇಕು ಎಂದಳು. ಮನೆ ಮನೆಗೆ ಹೋಗಿ ಕೇಳಿದಳು: ಮುಖ ತೆಗೆಯುವುದಿಲ್ಲ, ಹೆಸರು ಹಾಕುವುದಿಲ್ಲ, ಬರೀ ಕಲ್ಲು. ಯಾರೂ ಒಪ್ಪಲಿಕ್ಕಿಲ್ಲ ಎಂದುಕೊಂಡಿದ್ದೆ. ಬಹಳ ಮಂದಿ ಒಪ್ಪಿದರು. ಇಷ್ಟು ವರುಷ ಯಾರೂ ಕೇಳದೇ ಇದ್ದದ್ದನ್ನು ಒಬ್ಬಳು ಬಂದು ನಮ್ರವಾಗಿ ಕೇಳಿದರೆ ಜನಕ್ಕೆ ಏನೋ ಹಗುರ. ಕೆಲವರು ಕಲ್ಲಿನ ಮೇಲಿನ ಗೋಣಿಚೀಲ ತಾವೇ ತೆಗೆದು, ಧೂಳು ಒರೆಸಿ, ಈ ಮಗ್ಗಲಿನಿಂದ ತಗೀರಿ ಎಂದರಂತೆ. ನಮ್ಮ ಚಂದ್ರಾಮನೂ ಒಪ್ಪಿದ. ಚಂದ್ರಾಮನದು ಖಾನಾವಳಿಯ ಎದುರಿಗೆ ಪಂಕ್ಚರ್ ಅಂಗಡಿ, ಅಲ್ಲೇ ಹಿಂದೆ, ರಸ್ತೆಗೆ ಕಾಣದಂತೆ, ಮನೆ. ತಾಯಿ ಸತ್ತ ಮೇಲೆ ಎರಡೂ ಹೊತ್ತು ನಮ್ಮಲ್ಲೇ ಊಟ. ಮಾತು ಕಡಿಮೆ. ಪ್ಲಾಟಿನ ಗದ್ದಲದ ವರುಷ ಅವನಿಗೆ ಮೀಸೆ ಚಿಗುರುವ ವಯಸ್ಸು.

ನನ್ನಲ್ಲಿ ರೊಟ್ಟಿ ಬಡಿಯುವವಳು ಗುರುಬಾಯಿ. ಸತ್ತ ದ್ಯಾವಪ್ಪನ ಹೆಂಡತಿ. ಖಾನಾವಳಿ ಹಳೇ ಊರಿಗೂ ಪ್ಲಾಟಿಗೂ ನಡುವಿನ ರಸ್ತೆಯಲ್ಲಿದೆ, ಹಾಗಾಗಿ ಅವಳು ಕೆಲಸಕ್ಕೆ ಬರುತ್ತಾಳೆ. ಅವಳ ರೊಟ್ಟಿಯನ್ನು ಹಳೇ ಊರಿನವರೆಲ್ಲ ಉಣ್ಣುತ್ತಾರೆ, ತಮ್ಮ ಮನೆಯ ಹೊಸ್ತಿಲು ದಾಟಿ ಬಾ ಎಂದು ಯಾರೂ ಕರೆಯುವುದಿಲ್ಲ. ಚಂದ್ರಾಮ ಅವಳಿಗೆ ಅಕ್ಕಾ ಅನ್ನುತ್ತಿದ್ದ. "ಗುರಕ್ಕಾ, ಇನ್ನೊಂದು ಹಾಕು" ಅಂದರೆ ಅವಳು ಎರಡು ಹಾಕುವಳು.

ಒಂದು ಮಧ್ಯಾಹ್ನ ಊಟದ ಗದ್ದಲ ಇಳಿದ ಮೇಲೆ ವಾರಿಜಾ ಅಡಿಗೆ ಮನೆಯಲ್ಲಿ ಕೂತು ಕ್ಯಾಮೆರಾದ ಸಣ್ಣ ಪರದೆಯಲ್ಲಿ ತೆಗೆದದ್ದನ್ನು ನೋಡಿಕೊಳ್ಳುತ್ತಿದ್ದಳು. ಗುರುಬಾಯಿ ತವೆಯ ಮುಂದಿನಿಂದ ಕೇಳಿದಳು:

"ಊರವರ ಹೊಸ್ತಿಲಾ ಎಲ್ಲಾ ಇದರಾಗ ಅದಾವೇನ್ರಿ ಬಾಯಾರ?"

"ಇವೆ."

"ನನಗ ಒಂದ್ಸಲ ತೋರಸ್ರೆಲಾ. ನಾ ಆ ಕಡೆ ಯಾರ ಮನೀಗೂ ಹೋದಾಕಿ ಅಲ್ಲ."

"ತೋರಿಸ್ತೀನಿ. ಕಲ್ಲು ಬಿಟ್ಟು ಮತ್ತೇನೂ ಇಲ್ಲ ಇದರಲ್ಲಿ."

"ಕಲ್ಲ ನನಗ ಬೇಕಾದದ್ದು" ಎಂದಳು ಗುರುಬಾಯಿ. "ಅವತ್ತ ಆ ಕಲ್ಲು ಬೆಳತನಕಾ ನನ್ನ ಉಡ್ಯಾಗ ಇತ್ತು. ಒಂದು ಕೈ ಅವರ ತಲಿ ಮ್ಯಾಲೆ, ಒಂದು ಕೈ ಕಲ್ಲಿನ ಮ್ಯಾಲೆ ಇಟಗೊಂಡು ಕುಂತಿದ್ದೆ. ಬೆಳಕ ಹರಿಯೂ ಮುಂದ ಈ ಕೈ ಖಾಲಿ ಆತು. ಕರೀದು, ನಡುವ ಉಡಿದಾರ ಕಟ್ಟಿದಂಗ ಬಿಳೀ ಗೆರಿ. ಎಲ್ಲಿ ಕಂಡರೂ ಗುರುತು ಹಿಡಿತೀನಿ."

ವಾರಿಜಾ ಕ್ಯಾಮೆರಾ ಆರಿಸಿ ಮಡಿಲಲ್ಲಿಟ್ಟುಕೊಂಡಳು. ಮುಖ ತೆಗೆಯದಿದ್ದರೆ ಯಾರೂ ಸಿಕ್ಕಿಬೀಳುವುದಿಲ್ಲ ಎಂದು ಅವಳು ತಿಳಿದಿದ್ದಳು, ತೆಗೆಸಿಕೊಂಡವರೂ ಹಾಗೇ ತಿಳಿದಿದ್ದರು. ಹೊರಗೆ ಪಡಸಾಲೆಯಲ್ಲಿ ತಡವಾಗಿ ಉಣ್ಣುತ್ತಿದ್ದ ಇಬ್ಬರಿಗೆ ಈ ಮಾತು ಕೇಳಿಸಿತ್ತು. ಅವರು ಕೈ ತೊಳೆದುಕೊಂಡು ಹೋದ ರೀತಿ ನೋಡಿಯೇ ನನಗೆ ಗೊತ್ತಾಯಿತು, ಸಂಜೆಯೊಳಗೆ ಊರೆಲ್ಲ ಆಗುತ್ತದೆ ಎಂದು.

ಸಂಜೆಗೆ ಬಾಳನಗೌಡ ಹತ್ತಾರು ಮಂದಿಯನ್ನು ಕಟ್ಟಿಕೊಂಡು ಬಂದ. ಅವನೂ ಅವತ್ತು ಪ್ಲಾಟಿಗೆ ಹೋದವನೇ. ದೊಡ್ಡ ಧ್ವನಿಯ ಮನುಷ್ಯ, ಕಿರಾಣಿ ಅಂಗಡಿ.

"ಬಾಯಾರ, ಆ ಚಿತ್ರಾ ಅಳಿಸಿಬಿಡ್ರಿ" ಎಂದ.

"ನಿಮ್ಮ ಮುಖ ಇಲ್ಲ ಅದರಲ್ಲಿ. ಕೊಟ್ಟ ಮಾತು ಉಳಿಸಿಕೊಂಡಿದ್ದೀನಿ."

"ಮುಖಾ ತಗೊಂಡು ಏನ್ ಮಾಡ್ತೀರಿ? ಮುಖಾ ಎಲ್ಲಾರ್ದೂ ಒಂದ. ಕಲ್ಲು ತಗದೀರಿ ನೀವು."

"ತೆಗೆಯುವಾಗ ನಿಮ್ಮನ್ನು ಕೇಳಿದ್ದೆ."

"ಆಗ ನಮಗೇನ ಗೊತ್ತಿತ್ತು, ಅದು ಆಕಿ ಉಡ್ಯಾಗಿತ್ತು ಅಂತ!" ಎಂದ ಬಾಳನಗೌಡ. "ನಮ್ಮಂವ ಯಾವನೋ ಒಬ್ಬಂವ ಸಿಗ್ತಾನ. ಯಾವನು ಅಂತ ನಮಗೂ ಗೊತ್ತಿಲ್ಲ. ನಾನ ಇದ್ದರೂ ಇರಬಹುದು."

ಹಿಂದಿದ್ದ ಒಬ್ಬ ಕ್ಯಾಮೆರಾ ಒಡೆದು ಹಾಕೋಣ ಎಂದ. "ಏನ್ ತಗೊಂಡು ಒಡೀತಿ? ಕಲ್ಲು ತಗೊಂಡೇನು?" ಎಂದು ನಾನು ಕೇಳಿದೆ. ವಾರಿಜಾ ನಾಳೆವರೆಗೆ ಸಮಯ ಕೊಡಿ ಎಂದಳು. ಅವರು ಹೋಗಿ ಮಾಸ್ತರರ ಮನೆಯ ಬಾಗಿಲು ತಟ್ಟಿದರು. ಅಲ್ಲಿ ಏನಾಯಿತು ಎಂಬುದನ್ನು ಬಾಳನಗೌಡನೇ ಮರುದಿನ ನನಗೆ ಹೇಳಿದ. ಮಾಸ್ತರರು ಕುರ್ಚಿಯಿಂದ ಏಳಲಿಲ್ಲ. ತೋರಿಸಲಿ ಬಿಡ್ರೋ, ನಾ ಯಾಕ ಬ್ಯಾಡ ಅನ್ಲಿ, ಆ ಚಿತ್ರಾ ಸಂತೀ ಬಜಾರಿನ್ಯಾಗ ಹಾಕಸಾಂವ ಅದೀನಿ, ನನ್ನ ಹೊಸ್ತಿಲಾ ಊರೆಲ್ಲಾ ನೋಡಬೇಕು. ಒಗದಾವರು ಹೊತಗೋತಾರ, ನಾ ಏನ್ ಒಗದೀನೇನು ಎಂದರಂತೆ.

"ಆಯೀ, ಅವತ್ತ ನಮ್ಮನ್ನ ಮಕ್ಕಳ ಅಂತಿದ್ದ" ಎಂದ ಬಾಳನಗೌಡ. ಚಹಾ ಮುಟ್ಟದೆ ಎದ್ದು ಹೋದ.

ಎದುರಿನ ಪಂಕ್ಚರ್ ಅಂಗಡಿಯ ಬಾಗಿಲು ಅಂದು ತೆರೆಯಲಿಲ್ಲ. ಚಂದ್ರಾಮ ಊಟಕ್ಕೂ ಬರಲಿಲ್ಲ.

ವಾರಿಜಾ ಅಟ್ಟದ ಮೇಲೆ ಬಹಳ ಹೊತ್ತು ಅಡ್ಡಾಡಿದಳು. ಹಲಗೆಯ ಸಪ್ಪಳ ಕೆಳಗೆ ಕೇಳುತ್ತಿತ್ತು. ಆಮೇಲೆ ಬಂದು ನನ್ನ ಎದುರಿಗೆ ಕೂತಳು.

"ಆಯಿ, ಅವರಿಗೆ ಮಾತು ಕೊಟ್ಟಿದ್ದೀನಿ. ಇವಳಿಗೆ ತೋರಿಸ್ತೀನಿ ಅಂದಿದ್ದೀನಿ. ನೀವಾದರೆ ಏನು ಮಾಡ್ತಿದ್ರಿ?"

"ನಾ ಆಗಿದ್ದರ ಈ ಕಸಬ ಹಿಡೀತಿರಲಿಲ್ಲ."

ಅವಳು ನಗಲಿಲ್ಲ. "ನಾನು ಎಷ್ಟೋ ಊರಲ್ಲಿ ಕೊಂದವರ ಮನೆಗೆ ಹೋಗಿ ಬಂದಿದ್ದೀನಿ. ಸತ್ತವರ ಮನೆಯವರು ನನ್ನನ್ನು ಏನೂ ಕೇಳಿರಲಿಲ್ಲ. ಇವಳು ಕೇಳಿದಳು" ಎಂದಳು. ಆಗಲೇ ಅವಳು ನಿಶ್ಚಯ ಮಾಡಿಯಾಗಿತ್ತು ಎಂದು ಕಾಣುತ್ತದೆ.

ಮಧ್ಯಾಹ್ನ ಅಡಿಗೆ ಮನೆಯ ಬಾಗಿಲು ಮುಂದೆ ಮಾಡಿ ಮೂವರೇ ಕೂತೆವು. ಗುರುಬಾಯಿ ಕೊಣಮಿಗೆಯಲ್ಲಿ ಹಿಟ್ಟು ನಾದುತ್ತಲೇ ನೋಡಿದಳು. ಒಂದೊಂದೇ ಹೊಸ್ತಿಲು ಬಂದು ಹೋಯಿತು. ಅರಿವೆ ಒಗೆಯುವ ಕಲ್ಲು, ಬಾಗಿಲಿಗೆ ಒತ್ತಿಟ್ಟ ಕಲ್ಲು, ಕುಂಕುಮ ಹಚ್ಚಿದ ಕಲ್ಲು. ಬಾಳನಗೌಡನದು ಇಟ್ಟಂಗಿಯ ತುಂಡು. ಅವಳು ಪ್ರತಿಯೊಂದಕ್ಕೂ ತಲೆ ಅಲ್ಲಾಡಿಸಿದಳು. ಆಮೇಲೆ ಟ್ಯೂಬು ಅದ್ದಿ ತೂತು ಹುಡುಕುವ, ನೀರು ತುಂಬಿದ ತಗಡಿನ ಬುಟ್ಟಿಯೊಂದು ಬಂತು, ಅದರ ಪಕ್ಕದಲ್ಲಿ ಒಂದು ಕರೀ ಕಲ್ಲು, ನಡುವೆ ಬಿಳೀ ಗೆರೆ. ಗುರುಬಾಯಿಯ ಕೈ ಹಿಟ್ಟಿನಲ್ಲಿ ನಿಂತಿತು. ಹಿಟ್ಟು ಬೆರಳ ಸಂದಿಯಿಂದ ಮೇಲೆ ಬಂತು. ಎಷ್ಟು ಹೊತ್ತು ಹಾಗಿದ್ದಳೋ, ಆಮೇಲೆ ಕೈ ಮತ್ತೆ ನಾದತೊಡಗಿತು.

"ಮುಂದಿಂದು" ಎಂದಳು.

ಎಲ್ಲ ಮುಗಿದ ಮೇಲೆ, "ಇದರಾಗ ಇಲ್ಲರಿ" ಎಂದಳು.

ವಾರಿಜಾ ನನ್ನ ಕಡೆ ನೋಡಿದಳು, ನಾನು ಒಲೆಯ ಕಡೆ ನೋಡಿದೆ. ಅಂಥ ಬುಟ್ಟಿ ಊರಲ್ಲಿ ಒಂದೇ ಮನೆಯ ಮುಂದಿರುವುದು.

ಇಲ್ಲವಂತೆ, ಇಲ್ಲವಂತೆ ಎಂದು ಮಾತು ಊರಲ್ಲಿ ಓಡಿತು. ಅಂದು ರಾತ್ರಿ ಖಾನಾವಳಿಯಲ್ಲಿ ಜಾತ್ರೆಯಷ್ಟು ಜನ. ಬಾಳನಗೌಡ ಎಲ್ಲರಿಗೂ ತನ್ನ ಲೆಕ್ಕದಲ್ಲಿ ಶೇಂಗಾ ಹೋಳಿಗೆ ಹಾಕಿಸಿದ. ಗುರುಬಾಯಿ ಸೆರಗಿನಿಂದ ಬೆವರು ಒರೆಸಿಕೊಂಡು, "ಆಯೀ, ಆ ಪಂಕ್ಚರ್ ಹುಡುಗ ನಿನ್ನಿಯಿಂದ ಉಂಡಿಲ್ಲ, ಒಂದೀಟು ಕರೀರಿ" ಎಂದಳು. ಕರೆದೆ. ಬಂದು ಮೂಲೆಯಲ್ಲಿ ಕೂತ. ಅವಳು ಎರಡು ರೊಟ್ಟಿ ಹಾಕಿ, ಮೇಲೆ ಎಣ್ಣೆಬದನೆ ಹಾಕಿ, ಅವನ ಎದುರಿಗೇ ನಿಂತಳು. ದಿನಾ ಹಾಗೆ ನಿಲ್ಲುವವಳಲ್ಲ. ಅವನು ಒಂದು ತುತ್ತು ಮುರಿದ, ಬಾಯಿಗೆ ಒಯ್ಯದೆ ತಾಟಿನಲ್ಲೇ ಇಟ್ಟ. ನೀರು ಕುಡಿದು ಎದ್ದು ಹೋದ. ಅವಳು ತಾಟು ತಾನೇ ಎತ್ತಿದಳು.

ಮಾಸ್ತರರು ಹೇಳಿದಂತೆಯೇ ಮಾಡಿದರು. ಇಲೆಕ್ಷನ್ನಿನ ಹಿಂದಿನ ವಾರ ಸಂತೆಯ ಬಜಾರಿನಲ್ಲಿ ಅರಿವೆ ಅಂಗಡಿಯ ಶಟರಿಗೆ ಬಿಳೀ ಪರದೆ ಕಟ್ಟಿಸಿ, ಕುರ್ಚಿ ಹಾಕಿಸಿ, ಊರಿಗೆಲ್ಲ ಡಂಗುರ ಹೊಡೆಸಿದರು. ಪ್ಲಾಟಿನವರೂ ಬಂದು ಹಿಂದೆ ನಿಂತಿದ್ದರು. ವಾರಿಜಾ ಮೊದಲೇ ಹೇಳಿದ್ದಳು, ನಿಮ್ಮ ಭಾಗ ಮಾತ್ರ ಹಾಕುತ್ತೇನೆ, ಒಂದು ಮಾತೂ ಕಡಿಯುವುದಿಲ್ಲ ಎಂದು. ಮಾಸ್ತರರಿಗೆ ಅದಕ್ಕಿಂತ ಇನ್ನೇನು ಬೇಕು. ಹೊತ್ತು ಮುಳುಗುತ್ತಿದ್ದಂತೆ ಸುರು ಮಾಡಿದರು.

ಪರದೆಯ ಮೇಲೆ ಮಾಸ್ತರರು ತಮ್ಮ ಪಡಸಾಲೆಯಲ್ಲಿ ಕೂತಿದ್ದರು. ವಾರಿಜಾಳ ಧ್ವನಿ ಒಂದೇ ಸಲ ಕೇಳಿತು: "ಅವತ್ತು ಏನು ಮಾತಾಡಿದ್ರಿ, ನೆನಪಿದೆಯಾ?" ಮಾಸ್ತರರು ನಕ್ಕರು. ನೆನಪಿಲ್ಲದೆ ಏನು ಎಂದು ಅವತ್ತಿನ ಭಾಷಣವನ್ನು ಮೊದಲಿನಿಂದ ಕೊನೆಯವರೆಗೆ, ಎಲ್ಲಿ ಧ್ವನಿ ಏರಿಸಿದ್ದರೋ ಅಲ್ಲೇ ಏರಿಸಿ, ಹೇಳಿ ತೋರಿಸಿದರು. ಭಾಷಣ ಮುಗಿಯಿತು. ಪರದೆಯ ಮೇಲೆ ಯಾರೂ ಏನೂ ಕೇಳಲಿಲ್ಲ. 'ಅವತ್ತು ನಾನು ಮಾತಾಡದಿದ್ದರೆ ಒಬ್ಬನೂ ಕೂತಲ್ಲಿಂದ ಏಳುತ್ತಿರಲಿಲ್ಲ' ಎಂದರು ಮಾಸ್ತರರು. ಮತ್ತೆ ಸುಮ್ಮನೆ. ಗಡಿಯಾರದ ಸಪ್ಪಳ. 'ಬಾಳನಗೌಡ, ಚಂದ್ರಾಮ, ಎಲ್ಲಾ ನನ್ನ ಕೈಯಲ್ಲಿ ಅಕ್ಷರ ಕಲಿತವರು. ಯಾವ ಮಾತಿಗೆ ಯಾವನು ಏಳುತ್ತಾನೆ ಅಂತ ನನಗೆ ಗೊತ್ತು.' ಮತ್ತೆ ಸುಮ್ಮನೆ. ಮಾಸ್ತರರು ಧೋತರದ ಅಂಚು ಸರಿಮಾಡಿಕೊಂಡರು, ಕ್ಯಾಮೆರಾದ ಕಡೆ ಸ್ವಲ್ಪ ಬಾಗಿದರು. 'ಎಸೆದ ಕಲ್ಲು ತಿರುಗಿ ಬರುತ್ತದೆ ತಂಗಿ. ಆಡಿದ ಮಾತು ಬರುವುದಿಲ್ಲ. ಇಷ್ಟು ತಿಳಿದವನು ಮುಂದಾಳು ಆಗುತ್ತಾನೆ.' ಆಮೇಲೆ ಅವರ ಹೊಸ್ತಿಲು ಬಂತು. ರಂಗೋಲಿ, ಒಂದು ಹರಳೂ ಇಲ್ಲ. ಅದು ಬಹಳ ಹೊತ್ತು ಪರದೆಯ ಮೇಲೆ ಹಾಗೇ ಇತ್ತು.

ಸಂಘದ ಹುಡುಗರು ಚಪ್ಪಾಳೆ ತಟ್ಟಿದರು, ಉಳಿದವರು ತಟ್ಟಲಿಲ್ಲವೆಂದು ನಡುವೆಯೇ ನಿಲ್ಲಿಸಿದರು. ಮಾಸ್ತರರು ಮೈಕಿನ ಹತ್ತಿರ ಎದ್ದು ಹೋದರು. ಆಗ ಚಂದ್ರಾಮ ಎದ್ದು ಜನರ ನಡುವೆ ದಾರಿ ಮಾಡಿಕೊಂಡು ಮನೆಯ ಕಡೆ ಹೋದ. ತಿರುಗಿ ಬಂದಾಗ ಹೆಗಲ ಟವೆಲ್ಲಿನಲ್ಲಿ ಏನೋ ಸುತ್ತಿ ಎದೆಗೆ ಅವಚಿಕೊಂಡಿದ್ದ. ಹಿಂದೆ ಪ್ಲಾಟಿನ ಹೆಂಗಸರ ನಡುವೆ ನಿಂತಿದ್ದ ಗುರುಬಾಯಿಯ ಮುಂದೆ ಅದನ್ನಿಟ್ಟು ಟವೆಲ್ಲು ಬಿಚ್ಚಿದ.

"ಅಕ್ಕಾ, ನಂದು ಗ್ವಾಡಿಗೆ ಬಡಿಯಲಿಲ್ಲ. ಮಾಳಗಿ ಮ್ಯಾಲೆ ಬೀಳಲಿಲ್ಲ. ಅವರು ಬಿದ್ದದ್ದು ನಾ ಕಣ್ಣಿಂದ ನೋಡೀನಿ. ಇದ ಏನ್ ನೋಡು."

"ಇದ" ಎಂದಳು ಗುರುಬಾಯಿ. "ನೋಡೀನಿ. ಮೊನ್ನೆ ನೋಡೀನಿ."

"ಮತ್ತ ಇಲ್ಲ ಅಂದೆಲ್ಲ?"

"ನಾ ಕಂಡು ಹಿಡದಿದ್ದರ ನೀ ಸಿಕ್ಕಂಗ ಆಗ್ತಿತ್ತು. ಹೇಳಿದಂಗ ಆಗ್ತಿರಲಿಲ್ಲ. ಇಷ್ಟು ವರ್ಷ ನನ್ನ ಕೈಯಾಗಿನ ರೊಟ್ಟಿ ಉಂಡೀದಿ ಚಂದ್ರಾಮ. ಒಂದಿನಾ ಹೇಳ್ತಿ ಅಂತ ನಾ ನಿಂತಿದ್ದೆ."

ಅವನು ಅಲ್ಲೇ ಕುಕ್ಕರಗಾಲಿನಲ್ಲಿ ಕೂತುಬಿಟ್ಟ. ಅವಳು ಅವನನ್ನು ಮುಟ್ಟಲಿಲ್ಲ, ಅಳಬೇಡ ಎನ್ನಲೂ ಇಲ್ಲ. "ಮುಂಜಾನೆದ್ದು ಠಾಣೆಗೆ ಹೋಗು. ಅಲ್ಲೂ ಹೀಂಗ ಹೇಳು" ಎಂದಳು. ಮೈಕಿನಲ್ಲಿ ಮಾಸ್ತರರು, "ನೋಡಿದಿರಾ ಮಹಾಜನಗಳೇ, ಅಪರಾಧಿ ಯಾರೆಂದು ನಿಮ್ಮ ಕಣ್ಣ ಮುಂದೆಯೇ" ಎಂದು ಸುರು ಮಾಡಿದ್ದರು. ಬಾಳನಗೌಡ ನಡೆದು ಹೋಗಿ ಮೈಕಿನ ವಾಯರು ಕಿತ್ತ. ಕಿತ್ತದ್ದಷ್ಟೆ, ಕೈ ಮಾಡಲಿಲ್ಲ. ಆಮೇಲೂ ಮಾಸ್ತರರ ತುಟಿ ಸ್ವಲ್ಪ ಹೊತ್ತು ಆಡುತ್ತಿತ್ತು.

ವಾರಿಜಾಳ ಕ್ಯಾಮೆರಾ ಇದೆಲ್ಲಕ್ಕೂ ಚಾಲೂ ಇತ್ತು. ಮರುದಿನ ಇಬ್ಬರನ್ನೂ ಬೇರೆ ಬೇರೆ ಕೇಳಿದಳು, ಇಡಲಾ, ತೆಗೆದುಹಾಕಲಾ ಎಂದು. ಚಂದ್ರಾಮ ಠಾಣೆಗೆ ಹೊರಟವನು ನಿಂತು, ಇಡ್ರಿ ಎಂದ. ಗುರುಬಾಯಿ, "ನನ್ನ ಸೆರಗು ನೆಟ್ಟಗಿಲ್ಲ ಅದರಾಗ. ಆದರೂ ಇಡ್ರಿ" ಎಂದಳು.

ಕಲ್ಲು ಏನೂ ಬದಲಾಗಲಿಲ್ಲ. ಮರುದಿನ ಬೆಳಗಿಗೆ ಚಂದ್ರಾಮನ ಹೊಸ್ತಿಲಲ್ಲೇ ಇತ್ತು, ಇನ್ನೂ ಇದೆ. ಕೇಸು ನಡೆಯುತ್ತಿದೆ. ಈ ಸಲದ ಜಡ್ಜಿಗೆ ಕಲ್ಲಿನ ಮಾತು ಬೇಕಾಗಿಲ್ಲ, ಅವನೇ ಹೇಳಿದ್ದಾನಲ್ಲ. ಜಾಮೀನಿನ ಮೇಲೆ ಬಂದು ಅಂಗಡಿ ತೆರೆದಿದ್ದಾನೆ, ತಾರೀಖು ಬಂದಾಗ ಮುಚ್ಚಿ ಹೋಗುತ್ತಾನೆ. ನಮ್ಮಲ್ಲಿ ಊಟಕ್ಕೆ ಬರುವುದನ್ನು ಬಿಟ್ಟಿದ್ದ. ಗುರುಬಾಯಿಯೇ ಒಂದು ದಿನ ರಸ್ತೆಗೆ ಬಂದು ನಿಂತು, "ನಾ ಕ್ಷಮಾ ಮಾಡೀನಿ ಅಂತ ತಿಳಕೋಬ್ಯಾಡ. ಊಟದ ಹೊತ್ತಾತು, ಬಾ" ಎಂದು ಕರೆದಳು.

ಆಮೇಲೆ ಉಳಿದವರು ಬರತೊಡಗಿದರು. ಊಟದ ಗದ್ದಲ ಇಳಿದ ಮೇಲೆ ಒಬ್ಬೊಬ್ಬರೇ ಅಡಿಗೆ ಮನೆಯ ಬಾಗಿಲಿಗೆ ಬಂದು ನಿಲ್ಲುತ್ತಾರೆ. ನಾನು ಒಗೆದದ್ದು ನಿಮ್ಮ ದನದ ಕೊಟ್ಟಿಗೆಗೆ ಬಿತ್ತು, ನಾನು ಒಗೆದದ್ದು ನಿಮ್ಮ ಮೈದುನನ ಕಾಲಿಗೆ ಬಡಿಯಿತು ಎಂದು ಹೇಳಿ ಹೋಗುತ್ತಾರೆ. ಗುರುಬಾಯಿ ಹೂಂ ಅನ್ನುತ್ತಾಳೆ. ಕೆಲವರಿಗೆ ಬೈಯುತ್ತಾಳೆ. ಬಾಳನಗೌಡ ಹೇಳಲು ಬಂದವನು ಅರ್ಧಕ್ಕೇ ಅತ್ತು, ಅವಳಿಂದಲೇ ನೀರು ಕೇಳಿ ಕುಡಿದ. "ಗಂಡಸ ಹೇಳಾಕ ಬಂದಾನೋ, ನನ್ನ ಕೈಲೆ ಸೇವಾ ಮಾಡಿಸಿಕೊಳ್ಳಾಕ ಬಂದಾನೋ" ಎಂದು ಅವಳು ಆಮೇಲೆ ನನ್ನ ಹತ್ತಿರ ನಕ್ಕಳು.

ಇಲೆಕ್ಷನ್ನಿನಲ್ಲಿ ಗೆದ್ದವರು ಮಾಸ್ತರರೇ. ಸುಳ್ಳು ಯಾಕೆ ಹೇಳಲಿ. ಎಷ್ಟಂದರೂ ಹೊಸ್ತಿಲು ಸ್ವಚ್ಛ, ಜನಕ್ಕೆ ಕಣ್ಣಿಗೆ ಕಂಡದ್ದು ದೊಡ್ಡದು. ಆದರೆ ಗೆದ್ದ ದಿನ ಗುಲಾಲು ಹಾರಿಸಲು ಅವರ ಹಳೆಯ ಮಂದಿ ಯಾರೂ ಹೋಗಲಿಲ್ಲ. ಅವರ ಓಣಿಯಲ್ಲಿ ಹಾಯುವವರು ನಮಸ್ಕಾರ ಮಾಡುತ್ತಾರೆ, ನಿಲ್ಲುವುದಿಲ್ಲ. ವಾರಿಜಾ ಅಷ್ಟೊತ್ತಿಗೆ ಊರು ಬಿಟ್ಟಿದ್ದಳು. ಅವಳ ಚಿತ್ರ ಹೊರಗೆ ಓಡಾಡುತ್ತಿದೆಯಂತೆ. ಒಂದು ಕಡೆ ಪೊಲೀಸರು ನಿಲ್ಲಿಸಿದರು, ಇನ್ನೊಂದು ಕಡೆ ಜನ ಎದ್ದು ನಿಂತು ನೋಡಿದರು ಎಂದು ಫೋನಿನಲ್ಲಿ ಹೇಳುತ್ತಾಳೆ. ಊರೂರು ತಿರುಗಿ ಹೊಟ್ಟೆ ಉರಿಯುತ್ತದೆ ಎಂದೂ ಅನ್ನುತ್ತಾಳೆ, ಮಜ್ಜಿಗೆ ಕುಡಿ ಎಂದು ನಾನು ಹೇಳುತ್ತೇನೆ.

ಸಂಕ್ರಮಣ ಕಳೆದ ಮೇಲೆ ಒಂದು ಮಧ್ಯಾಹ್ನ ಮಾಸ್ತರರೇ ಖಾನಾವಳಿಗೆ ಬಂದರು. ಒಬ್ಬರೇ. ಅಧ್ಯಕ್ಷರ ಕಾರು ದೂರ ನಿಲ್ಲಿಸಿ ನಡೆದು ಬಂದಿದ್ದರು. ನನ್ನ ಮೂರು ಕಲ್ಲು ದಾಟಿ ಒಳಗೆ ಬಂದು, ಅಡಿಗೆ ಮನೆ ಕಾಣುವ ಮಣೆಯ ಮೇಲೆ ಕೂತರು. ಗುರುಬಾಯಿ ತಾಟು ಇಟ್ಟು ರೊಟ್ಟಿ ಹಾಕಿದಳು. ಅವರು ಕೈ ಹಚ್ಚಲಿಲ್ಲ.

"ಅಂದು ನಡೆಯಬಾರದ ಘಟನೆಯೊಂದು ನಡೆದುಹೋಯಿತು" ಎಂದರು. ಧ್ವನಿ ಅದೇ ಕಂಚಿನದು, ಪಡಸಾಲೆಯವರೆಲ್ಲ ತಿರುಗಿ ನೋಡಿದರು.

"ತನ್ನಿಂದ ತಾನ ನಡದ್ಹೋತೇನ್ರಿ ಮಾಸ್ತರ?" ಎಂದಳು ಗುರುಬಾಯಿ.

"ಅಂದಿನ ಪರಿಸ್ಥಿತಿ ಹಾಗಿತ್ತು. ಜನರ ಭಾವನೆಗಳು..." ಎಂದು ನಿಲ್ಲಿಸಿದರು.

"ಉಣ್ರಿ" ಎಂದಳು. "ಉಂಡು ಮತ್ತ ಹೇಳ್ರಿ. ನಾ ಎಲ್ಲೂ ಹೋಗೂದಿಲ್ಲ."

ಅಂದಿನಿಂದ ದಿನಾ ಬರುತ್ತಾರೆ. ಅದೇ ಮಣೆ, ಅದೇ ಹೊತ್ತು. ಬಾಯಿ ತೆರೆಯುತ್ತಾರೆ, ಸಮಾಜ ಎನ್ನುತ್ತಾರೆ, ಕಾಲಘಟ್ಟ ಎನ್ನುತ್ತಾರೆ, ನಮ್ಮಿಂದ ಎನ್ನುತ್ತಾರೆ. ಅವಳು ನಿಂತು ಕೇಳಿ, ತವೆಯ ಮುಂದೆ ಹೋಗುತ್ತಾಳೆ. ಉಳಿದವರು ಎಸೆದದ್ದು ಅವರ ಬಾಗಿಲಲ್ಲೇ ಇದೆ, ಅದನ್ನು ನೋಡಿ ಒಂದು ಮಾತು ಹೇಳಿಬಿಟ್ಟರು. ಇವರಿಗೆ ಬೆಳಗಾದರೆ ನೋಡಲು ಬರೀ ರಂಗೋಲಿ. ವಾರಿಜಾ ಪ್ರತಿ ವಾರ ಫೋನು ಮಾಡಿ ಮೊದಲು ಅದನ್ನೇ ಕೇಳುತ್ತಾಳೆ: "ಮಾಸ್ತರು ಹೇಳಿದರಾ ಆಯಿ?" ಇನ್ನೂ ಇಲ್ಲವ್ವಾ ಎನ್ನುತ್ತೇನೆ.

ನಿನ್ನೆ ಚಂದ್ರಾಮ ಎದುರಿನ ಮೂಲೆಯಲ್ಲಿ ಉಣ್ಣುತ್ತಿದ್ದ. ಮಾಸ್ತರರು ಅವನನ್ನು ಬಹಳ ಹೊತ್ತು ನೋಡಿದರು. ಆಮೇಲೆ ಗುರುಬಾಯಿಯ ಕಡೆ ತಿರುಗಿ, "ನಾನು" ಎಂದರು. ಮೈಕಿನ ಧ್ವನಿ ಅಲ್ಲ, ಬೇರೆ, ಸಣ್ಣದು. ನಾನು ಆ ಧ್ವನಿ ಮೊದಲು ಕೇಳಿರಲಿಲ್ಲ. ಗುರುಬಾಯಿ ಬಡಿಯುತ್ತಿದ್ದ ರೊಟ್ಟಿಯನ್ನು ಅಲ್ಲೇ ಬಿಟ್ಟು ಕೈ ಒರೆಸಿಕೊಂಡು ಬಂದು ಎದುರಿಗೆ ನಿಂತಳು. ಮುಂದಿನ ಮಾತು ಬರಲಿಲ್ಲ. ಅವಳು ನಿಂತೇ ಇದ್ದಳು. ತವೆಯ ಮೇಲಿನ ರೊಟ್ಟಿ ಹೊತ್ತುವ ವಾಸನೆ ಬಂತು, ನಾನು ಎದ್ದು ಹೋಗಿ ಅದನ್ನು ತಿರುವಿಹಾಕಿದೆ.